ಮಗನ ಅಚ್ಚು

ತಾಯಾಣೆ, ಇದು ನಡೆದಿದ್ದೇ. ಇನ್ನು ಮೂವತ್ತು ವರ್ಷ ಆದ್ಮೇಲೆ ನಡೆದಿದ್ದು, ಅಷ್ಟೇ ವ್ಯತ್ಯಾಸ.

ಮಳವಳ್ಳಿ ಕಡೆ ಒಂದು ಆಸ್ಪತ್ರೆ. ಅಲ್ಲೊಂದು ಬೀರುವಿನಷ್ಟು ದೊಡ್ಡ ಪೆಟ್ಟಿಗೆ. ಅದರ ಮುಂದೆ ನಿಂತು ಬಾಯಲ್ಲಿ ಹೇಳಿದ್ರೆ ಸಾಕು, ಹೇಳಿದಂಥ ಗೊಂಬೆಗಳು ಒಂದರ ಹಿಂದೊಂದು ನಡ್ಕೊಂಡು ಹೊರಗೆ ಬರ್ತಿದ್ವು. ಪೆಟ್ಟಿಗೆ ಕಂಡುಹಿಡಿದ ಲಲಿತಾಂಬ ಮೇಡಂ ಹಂಗೆ ಹೇಳೋದಕ್ಕೆ ಕ್ಲಾಸು ಬರೆಯೋದು ಅಂತಿದ್ರು. ಇಸ್ಕೂಲಿನ ಕ್ಲಾಸಲ್ಲ. ಸಂಕ್ರಾಂತಿಗೆ ಸಕ್ಕರೆ ಅಚ್ಚು ಹುಯ್ಯಲ್ವಾ, ಹಂಗೆ. ಮರದಚ್ಚು ಒಂದೇ, ಗೊಂಬೆ ಬೇಕಾದಷ್ಟು. ಗೊಂಬೆಗೆ ಏನೇನಿರ್ಬೇಕು, ಅದು ಏನೇನು ಮಾಡ್ಬೇಕು, ಇಷ್ಟು ಹೇಳ್ಬಿಟ್ರೆ ಆಯ್ತು.

ಬಸ್ ಡ್ರೈವರ್ ಚೆಲುವಯ್ಯನ ಅವ್ವ ಪುಟ್ಟನಂಜಿ ಅಲ್ಲೇ ಮಲಗಿದ್ಲು. ಎಡಗಡೆ ಪೂರ್ತಿ ಸ್ವಾಧೀನ ತಪ್ಪಿತ್ತು. ಇವನಿಗೆ ರಜ ಸಿಗಲ್ಲ. ಬಾಯಿಗೆ ನೀರು ಬಿಡೋರಿಲ್ದೆ ಅವ್ವ ಹೋಗ್ಬಿಡ್ತಾಳೇನೋ ಅಂತ ಭಯ. ಅವನ ಗೋಳು ನೋಡಿ, ವಾರ್ಡಿಗೆಲ್ಲ ಒಂದು ಅಚ್ಚು ನೀವೇ ಹೇಳಿ ಅಂತ ಮೇಡಂ ಅಂದಾಗ ಅವನು ‘ಮಗ’ ಅಂತ ಒಂದು ಕ್ಲಾಸು ಹೇಳ್ದ. ಎರಡು ಕೈ ಇರ್ಲಿ, ತಾಳ್ಮೆ ಇರ್ಲಿ, ನಮ್ಮವ್ವ ಇರ್ಲಿ. ನೀರು ಕುಡಿಸ್ಲಿ, ಮಗ್ಗುಲು ತಿರುಗಿಸ್ಲಿ, ಕರೆದ್ರೆ ಓ ಅನ್ಲಿ.

ಹಾಸಿಗೆಗೊಂದು ಗೊಂಬೆ ಬಂತು. ಬಂದಿದ್ದೇ ತಡ, ಎಲ್ಲವೂ ಪುಟ್ಟನಂಜಿ ಸುತ್ತ ಸೇರ್ಕೊಂಡ್ವು. ಒಂದು ತಲೆ ನೇವರಿಸೋದು, ಒಂದು ಕಾಲೊತ್ತೋದು, ಉಳಿದವು ಲೋಟ ಹಿಡ್ಕೊಂಡು ಸಾಲು ನಿಂತಿರೋದು. ಪಕ್ಕದ ಹಾಸಿಗೆ ಮುದುಕಿ ನೀರು ನೀರು ಅಂತಿದ್ರೂ ಒಂದೂ ತಿರುಗಿ ನೋಡ್ಲಿಲ್ಲ.

ಮೇಡಂ ಓಡಿಬಂದ್ರು. “ಚೆಲುವಯ್ಯ, ‘ನಮ್ಮ’ ಅಂದ್ರೆ ಎಲ್ಲ ಗೊಂಬೆಗೂ ಸೇರಿ ಒಬ್ಳೇ ಅವ್ವ. ‘ನನ್ನ’ ಅಂದ್ರೆ ಒಂದೊಂದಕ್ಕೂ ಬೇರೆ ಬೇರೆ, ಅದರದರ ಹಾಸಿಗೇಲಿರೋಳೇ ಅವ್ವ. ನೀವು ‘ನನ್ನವ್ವ’ ಅನ್ಬೇಕಿತ್ತು.”

“ಹಂಗೆ ಯಾರು ಮೇಡಂ ಅಂತಾರೆ? ಒಬ್ಬನೇ ಮಗ ಆದ್ರೂ ‘ನಮ್ಮವ್ವ’ ಅಂತಾನೇ ಅನ್ನೋದು.”

ತಿದ್ದೋಕೆ ಅವನಿಗೆ ಮನಸ್ಸೂ ಇರ್ಲಿಲ್ಲ. ಇಷ್ಟು ಕೈ ಕಾವಲಿದ್ರೆ ಅವ್ವ ಹೆಂಗೆ ಸಾಯ್ತಾಳೆ ಅಂತ ಆಸೆ.

ಅವ್ವನೇ ಬಲಗೈಲಿ ಲೋಟ ತಳ್ಳಿದ್ಲು. “ಅವಳ ಬಾಯಿಗೆ ಬಿಡ್ರೋ ಮೊದ್ಲು. ನನಗೆ ನನ್ನ ಮಗ ಇದಾನೆ.”

ಚೆಲುವಯ್ಯ ಪೆಟ್ಟಿಗೆ ಮುಂದೆ ಹೋಗಿ ನಿಂತ. ಅದೇ ಅಚ್ಚನ್ನ ಮೊದ್ಲಿಂದ ಹೇಳ್ತಾ ಬಂದ. ‘ನಮ್ಮವ್ವ’ ಅನ್ನೋ ಕಡೆ ಮೆಲ್ಲಗೆ ‘ನನ್ನವ್ವ’ ಅಂದ. ಗೊಂಬೆಗಳು ಚೆದುರಿ ತಂತಮ್ಮ ಹಾಸಿಗೆ ಪಕ್ಕ ಹೋಗಿ ನಿಂತ್ವು. ಪಕ್ಕದ ಮುದುಕಿ ಗಟಗಟ ಕುಡಿದ್ಲು. ಇವನ ಅವ್ವನ ಪಾಲಿಗೆ ಒಂದೇ ಗೊಂಬೆ ಉಳೀತು. ಅದರ ಕೈಯಿಂದ ಲೋಟ ಇಸ್ಕೊಂಡು ಚೆಲುವಯ್ಯ ತಾನೇ ಕುಡಿಸ್ದ. ಬಸ್ಸು ಸ್ಟ್ಯಾಂಡಲ್ಲೇ ನಿಂತಿತ್ತು, ನಿಲ್ಲಲಿ ಅಂದ.

ಸಂಜೆ ಹೊತ್ತಿಗೆ ಅವ್ವ ಹೋದ್ಲು.

ಗೊಂಬೆ ಖಾಲಿ ಹಾಸಿಗೆ ಪಕ್ಕ ಲೋಟ ಹಿಡ್ಕೊಂಡು ನಿಂತೇ ಇತ್ತು. ಚೆಲುವಯ್ಯ ಅದರ ಕೈ ಹಿಡಿದ. “ಬಾರಪ್ಪ ಮನೆಗೆ. ಅವಳು ನಮ್ಮವ್ವ.”

ಸುಳ್ಳು ಅನ್ನೋರು ಮೂವತ್ತು ವರ್ಷ ಕಾದು ನೋಡಿ. ಈಗ ಒಳಗೆ ನಿಮ್ಮವ್ವ ಏನೋ ಕರೀತಿರೋ ಹಂಗಿದೆ, ಎದ್ದು ವಿಚಾರಿಸ್ಕೊಂಡು ಬನ್ನಿ. ಬರ್ತಾ ನನ್ನ ಕಾಫಿ ತನ್ನಿ. ನಮ್ಮ ಕಾಫಿ ಅಂದ್ಬಿಟ್ಟೀರ, ಎಲ್ರೂ ಕುಡಿದ್ಬಿಡ್ತಾರೆ.