ಇನ್ನೂರ ಹನ್ನೆರಡನೇ ಫಾರಂ

"ಬ್ಯಾಂಕಿನ ಗುಮಾಸ್ತೆಯನ್ನೂ ಲೇತ್ ಮಷೀನ್ ತಿರುಗಿಸೋನನ್ನೂ ಒಂದೇ ಖಾನೆಗೆ ಹಾಕಿದ್ದೀರಲ್ಲ, ನಿಮಗೆ ನಿದ್ದೆ ಹೇಗೆ ಬರುತ್ತೆ?"

ಅವಳು ಅವನೊಡನೆ ಆಡಿದ ಮೊದಲ ಮಾತು ಇದು. ಹೆಸರು ಕೇಳಲಿಲ್ಲ, ನಮಸ್ಕಾರ ಹೇಳಲಿಲ್ಲ.

ಉದ್ದನೆಯ ಮೇಜಿನ ಆ ತುದಿಯಲ್ಲಿದ್ದವನು ತಲೆ ಎತ್ತಿದ. ಬಿಳಿ ಅಂಗಿ. ತೋಳಿನುದ್ದಕ್ಕೂ ಕೂದಲೆಳೆಯಷ್ಟೂ ಓರೆಯಾಗದ ಇಸ್ತ್ರಿ ಗೆರೆ.

"ಚೆನ್ನಾಗೇ ಬರುತ್ತೆ. ಇಬ್ಬರ ಹತ್ರನೂ ಮಾರೋಕೆ ಇರೋದು ತಮ್ಮ ದುಡಿಮೆ ಒಂದೇ."

"ಆಕೆ ಕುರ್ಚಿ ಮೇಲೆ ಕೂತು ಕೆಲಸ ಮಾಡ್ತಾಳೆ. ಬೀದಿಯವರು ಎದ್ದು ನಿಂತು ಮಾತಾಡಿಸ್ತಾರೆ. ಲೇತ್‌ನವನಿಗೆ ಆಕೆಗಿಂತ ಸಂಬಳ ಜಾಸ್ತಿ, ಆದ್ರೂ ಹೆಣ್ಣು ಕೊಡೋಕೆ ಜನ ಹಿಂದೆಮುಂದೆ ನೋಡ್ತಾರೆ."

"ಕುರ್ಚಿ ಯಾರದ್ದು?"

"ಬ್ಯಾಂಕಿನದ್ದು."

"ಹಾಗಾದ್ರೆ ಆಕೆ ಕೂತಿದ್ದಾಳೆ, ಅಷ್ಟೇ. ಏಳು ಅಂದ್ರೆ ಏಳಬೇಕು."

ನಡುವೆ ಕುಳಿತಿದ್ದ ಮೇಡಂ ಕನ್ನಡಕ ತೆಗೆದು ನಕ್ಕರು. "ಇದಕ್ಕೇ ನಿಮ್ಮಿಬ್ಬರನ್ನ ಆರಿಸಿದ್ದು. ಇಬ್ಬರೂ ಒಂದೇ ಥರ ಯೋಚನೆ ಮಾಡಿದ್ರೆ ಒಬ್ಬರು ದಂಡ."

ಮೇಡಂ ನಡೆಸುತ್ತಿದ್ದ ಅಧ್ಯಯನ ಕೇಳಲು ಸರಳ. ಈ ಊರಿನ ಆರುನೂರು ಮನೆಗಳು ಯಾವ ಯಾವ ವರ್ಗಕ್ಕೆ ಸೇರುತ್ತವೆ? ಮನೆಮನೆಗೆ ಹೋಗಿ ತುಂಬಿಸಿ ತಂದ ಫಾರಂಗಳಿಂದ ಹೆಸರು, ವಿಳಾಸವಿದ್ದ ಅಂಚನ್ನು ಹರಿದು, ಬರೀ ನಂಬರ್ ಉಳಿಸಿ ಇವರಿಗೆ ಕೊಡುತ್ತಿದ್ದರು. ಇಬ್ಬರೂ ಬೇರೆ ಬೇರೆ ಕೋಣೆಯಲ್ಲಿ, ಒಬ್ಬರನ್ನೊಬ್ಬರು ಕೇಳದೆ, ಪ್ರತಿ ಫಾರಂಗೂ ಒಂದು ಅಂಕಿ ಬರೆಯಬೇಕು. ಒಂದು ಅಂದರೆ ಕಾರ್ಮಿಕ. ಎರಡು ಮೇಲ್ವಿಚಾರಕ. ಮೂರು ಸಣ್ಣ ಮಾಲೀಕ, ನಾಲ್ಕು ದೊಡ್ಡ ಮಾಲೀಕ. ಶುಕ್ರವಾರ ಎರಡೂ ಚೀಟಿ ಮೇಜಿನ ಮೇಲೆ ಬರಬೇಕು. ಅಂಕಿ ಒಂದೇ ಆದರೆ ಸರಿ. ಬೇರೆಯಾದರೆ ವಾದ. ವಾದಕ್ಕೂ ಬಗ್ಗದಿದ್ದರೆ ಇಬ್ಬರೂ ಆ ಮನೆಗೇ ಮರುಭೇಟಿ.

ಅವನು ಮಾರ್ಕ್ಸ್‌ವಾದಿ. ಯಂತ್ರ ಯಾರದ್ದು, ದುಡಿಯುವವರು ಯಾರು, ದುಡಿಮೆಯ ಫಲ ಯಾರ ಕೈ ಸೇರುತ್ತದೆ, ಇಷ್ಟು ತಿಳಿದರೆ ಅವನಿಗೆ ಸಾಕು. ಅವಳು ನಂಬಿದ್ದು ಬೇರೆ ಪಾಠ. ಜನ ಏನು ಉಡುತ್ತಾರೆ, ಯಾರ ಮನೆಯಲ್ಲಿ ಯಾರು ಕೂರುತ್ತಾರೆ, ಯಾರ ಮುಂದೆ ಯಾರ ದನಿ ತಗ್ಗುತ್ತದೆ... ವರ್ಗ ಇರುವುದು ಆಸ್ತಿಪತ್ರದಲ್ಲಲ್ಲ, ನೋಡುವವರ ಕಣ್ಣಿನಲ್ಲಿ. ಅವಳು ಇದನ್ನು ಪುಸ್ತಕದಲ್ಲಿ ಓದುವ ಮೊದಲೇ ಶಾಲೆಯ ಬೆಂಚಿನ ಮೇಲೆ ಕಲಿತಿದ್ದಳು.

ಅಂದು ಸಂಜೆ ಮೆಟ್ಟಿಲಿಳಿಯುವಾಗ ಅವನು ಜೊತೆಗೆ ಬಂದ. ಅವಳಿಗೆ ಸುಮ್ಮನಿರಲಾಗಲಿಲ್ಲ.

"ಗೆರೆ ಕೆಡದ ಅಂಗಿ ಹಾಕ್ಕೊಂಡು ಕಾರ್ಮಿಕರ ಬಗ್ಗೆ ಮಾತಾಡೋದು ಸುಲಭ, ಇಸ್ತ್ರಿ ದೊರೆಗಳೇ."

ಅವನು ಏನೋ ಹೇಳಲು ಬಾಯಿ ತೆರೆದ. ನಾಲ್ಕು ಮೆಟ್ಟಿಲು ಇಳಿದ. ಆಮೇಲೆ ಸಣ್ಣಗೆ ನಕ್ಕ.

"ಹೆಸರು ಚೆನ್ನಾಗಿದೆ."

ಎಂಥ ಜಂಬ, ಎಂದುಕೊಂಡಳು ಅವಳು.

ಹೆಸರು ಅವನಿಗೆ ಅಂಟಿಕೊಂಡೇಬಿಟ್ಟಿತು. ಮೇಡಂ ಕೂಡ ಒಮ್ಮೊಮ್ಮೆ, "ನಮ್ಮ ಇಸ್ತ್ರಿ ದೊರೆ ಇನ್ನೂ ಬಂದಿಲ್ವಾ?" ಅನ್ನುತ್ತಿದ್ದರು.

ನಾಲ್ಕು ತಿಂಗಳು ಹೀಗೇ ನಡೆಯಿತು. ಒಂದು ಶುಕ್ರವಾರ ಅವಳು ಸಿಟ್ಟಿನಲ್ಲಿ ಫಾರಂಗಳ ಕಟ್ಟನ್ನೇ ಅವನ ಕಡೆ ತಳ್ಳಿದ್ದಳು. "ಗಂಡ ಯಾವ ಖಾನೆಯೋ ಹೆಂಡತಿನೂ ಅದೇ ಖಾನೆ. ಆಕೆ ಬೆಳಿಗ್ಗೆಯಿಂದ ಸಂಜೆವರೆಗೂ ಮಾಡೋ ಕೆಲಸ ಎಲ್ಲಿ ಹೋಯ್ತು? ಗಂಡನ ಜೇಬಲ್ಲಿ ಕರವಸ್ತ್ರದ ಹಾಗೆ ಮಡಚಿ ಇಟ್ಟಿದ್ದೀರಿ ಅವಳನ್ನ."

ಅವನು ಆ ಕಟ್ಟನ್ನು ಎತ್ತಿಕೊಂಡು ಹೋದ. ಮುಂದಿನ ಶುಕ್ರವಾರ ನೋಡಿದರೆ ನಲವತ್ತು ಫಾರಂಗಳನ್ನು ಮೊದಲಿನಿಂದ ಓದಿ, ಹೆಂಗಸರಿಗೆಲ್ಲ ಬೇರೆ ಚೀಟಿ ಬರೆದು ತಂದಿದ್ದ.

"ನಾನು ಇದನ್ನ ಯೋಚಿಸಿರಲಿಲ್ಲ," ಅಂದ, ಅಷ್ಟೇ.

ಸೋತೆ ಎಂದು ಇಷ್ಟು ನೆಟ್ಟಗೆ ಹೇಳುವ ಗಂಡಸನ್ನು ಅವಳು ನೋಡಿರಲಿಲ್ಲ. ಆ ದಿನದಿಂದ ಅವಳಿಗೆ ವಾರದಲ್ಲಿ ಒಂದೇ ದಿನ ಇದ್ದಂತಾಯಿತು. ಶುಕ್ರವಾರ.

ಒಂದು ಸೋಮವಾರ ಅದೇ ಮೆಟ್ಟಿಲ ಮೇಲೆ ಅವನು ಕೇಳಿದ. "ಈ ಭಾನುವಾರ ನಿಮ್ಮ ಮನೆಗೆ ಬರಲಾ? ನಿಮ್ಮ ತಂದೆಯವರ ಹತ್ರ ಮಾತಾಡಬೇಕು."

ಯಾವ ಮಾತು ಎಂದು ಕೇಳಬೇಕಿರಲಿಲ್ಲ. ಎದೆ ತುಂಬಿ ಬಂತು... ಮರುಕ್ಷಣವೇ ಹೆದರಿಕೆ. ಈ ಇಸ್ತ್ರಿ ಅಂಗಿ ನಮ್ಮ ಮನೆಯಲ್ಲಿ ಎಲ್ಲಿ ಕೂರುತ್ತೆ? ಅಪ್ಪನ ಕೆಲಸದ ಬಗ್ಗೆ ಅವಳು ಅವನಿಗೆ ಒಂದಕ್ಷರವೂ ಹೇಳಿರಲಿಲ್ಲ.

"ಹೇಳ್ತೀನಿ," ಎಂದಳು.

ಮರುದಿನ ಬೆಳಿಗ್ಗೆ ಅವಳ ಮೇಜಿಗೆ ಇನ್ನೂರ ಹನ್ನೆರಡನೇ ಫಾರಂ ಬಂತು.

*ಕೆಲಸ: ಅಂಗಿಯ ಕಾಲರ್ ಹೊಲಿಯುವುದು, ಮನೆಯಲ್ಲೇ. ಎಷ್ಟು ವರ್ಷ: ಮೂವತ್ತು. ಯಂತ್ರ: ಸ್ವಂತದ್ದು. ಸಹಾಯಕ್ಕೆ: ತಂಗಿ. ಹನ್ನೊಂದು ವರ್ಷದ ಹಿಂದೆ ಅಂಗಿ ಕಾರ್ಖಾನೆಯ ಕಾರ್ಮಿಕರು ಮುಷ್ಕರ ಹೂಡಿ ಕೆಲಸ ನಿಲ್ಲಿಸಿದಾಗ ನೀವೂ ನಿಲ್ಲಿಸಿದಿರಾ: ಇಲ್ಲ.*

ಅಪ್ಪ! ಕಾಲರ್ ಬಿಟ್ಟು ಬೇರೇನೂ ಹೊಲಿಯದವರು ಈ ಊರಲ್ಲಿ ಇನ್ನೆಷ್ಟು ಜನ ಇದ್ದಾರು?

ಮನೆಯವರ ಫಾರಂ ಕೈಗೆ ಬಂದರೆ ಮುಟ್ಟದೆ ಮೇಡಂಗೆ ಒಪ್ಪಿಸಬೇಕು. ಅದು ನಿಯಮ. ಅವಳು ಒಪ್ಪಿಸಲಿಲ್ಲ. ಯಾರೋ ಗೊತ್ತಿಲ್ಲದವರು ಅಪ್ಪನನ್ನು ಅಳೆಯುವುದು ಬೇಡ ಅನ್ನಿಸಿತು. ಕೊನೆಯ ಪ್ರಶ್ನೆಯ 'ಇಲ್ಲ' ಎಂಬ ಉತ್ತರದ ಮೇಲೆ ಬೆರಳಿಟ್ಟು, ಆ ಸಾಲು ಇಲ್ಲವೇ ಇಲ್ಲ ಎಂಬಂತೆ ಚೀಟಿಯಲ್ಲಿ 'ಒಂದು' ಎಂದು ಬರೆದಳು.

ಶುಕ್ರವಾರ ಅವನ ಚೀಟಿ ಮೇಜಿಗೆ ಬಂತು. ಅದರಲ್ಲಿದ್ದದ್ದು 'ಮೂರು'. ಕೆಳಗೆ ಟಿಪ್ಪಣಿ: *ಸ್ವಂತ ಯಂತ್ರವಿದೆ. ಕಷ್ಟ ಬಂದಾಗ ಮಾಲೀಕರ ಕಡೆ ವಾಲುವ ಜನ.*

"ಇದೇನು, ನೀವು ನನ್ನ ಕಡೆಯವರಾಗಿಬಿಟ್ಟಿದ್ದೀರಿ?" ಅವನು ನಗುತ್ತಿದ್ದ. "ನೀವು ಕಾರ್ಮಿಕ ಅಂತೀರಿ, ನಾನು ಮಾಲೀಕ ಅಂತೀನಿ. ಸೂರ್ಯ ಯಾವ ಕಡೆ ಹುಟ್ಟಿದ ಇವತ್ತು?"

ಅವಳು ನಗಲಿಲ್ಲ. ಆ ಎರಡು ಸಾಲುಗಳನ್ನೇ ನೋಡುತ್ತಿದ್ದಳು.

"ವಾದ ಮಾಡಲ್ವಾ?" ಮೇಡಂಗೆ ಆಶ್ಚರ್ಯ.

"ಇಲ್ಲ ಮೇಡಂ."

"ಸರಿ, ನಾಳೆ ಇಬ್ಬರೂ ಮರುಭೇಟಿಗೆ ಹೋಗಿ ಬನ್ನಿ. ವಿಳಾಸ ಲಕೋಟೆಯಲ್ಲಿದೆ."

ಬಾಗಿಲ ಬಳಿ ಅವಳು ಅವನಿಗೆ ಮೆಲ್ಲನೆ ಹೇಳಿದಳು. "ಭಾನುವಾರ ನಮ್ಮನೆಗೆ ಬರಬೇಡಿ."

"ಯಾಕೆ? ನಾನೇನು..."

ಅವಳು ಆಗಲೇ ಅರ್ಧ ಮೆಟ್ಟಿಲು ಇಳಿದಿದ್ದಳು.

ಶನಿವಾರ ಇಬ್ಬರೂ ನಡೆದು ಹೊರಟರು. ಲಕೋಟೆ ಅವನ ಕೈಯಲ್ಲೇ ಇತ್ತು, ತೆರೆಯುವ ಪ್ರಸಂಗವೇ ಬರಲಿಲ್ಲ. ಅವಳು ಮುಂದೆ ಮುಂದೆ ಹೋಗುತ್ತಿದ್ದಳು. ಸೈಕಲ್ ರಿಪೇರಿ ಅಂಗಡಿ ದಾಟಿ, ಎರಡು ಓಣಿ ತಿರುಗಿ, ಹಸಿರು ಬಾಗಿಲ ಮುಂದೆ ನಿಂತಳು. ಚೀಲದಿಂದ ಬೀಗದ ಕೈ ತೆಗೆದಳು.

ಅವನು ಬೀಗದ ಕೈಯನ್ನು ನೋಡಿದ, ಬಾಗಿಲನ್ನು ನೋಡಿದ.

"ಇದು..."

"ನಮ್ಮನೆ. ಒಳಗೆ ಬನ್ನಿ. ಮಾಲೀಕರು ಇದ್ದಾರೆ."

ಕಿಟಕಿಯ ಪಕ್ಕ ಹೊಲಿಗೆ ಯಂತ್ರ. ಅದರ ಸುತ್ತ ಕಾಲರ್‌ಗಳ ಕಟ್ಟುಗಳು ಮೊಣಕಾಲೆತ್ತರಕ್ಕೆ. ನೆಲದ ಮೇಲೆ ಕೂತ ಅತ್ತೆ, ಅಪ್ಪನ ತಂಗಿ, ಹೊಲಿದ ಕಾಲರ್‌ಗಳನ್ನು ಒಳಹೊರಗು ಮಾಡಿ, ಮೊಂಡು ಕಡ್ಡಿಯಿಂದ ಅವುಗಳ ಮೂಲೆ ಚುಚ್ಚಿ ಎಬ್ಬಿಸುತ್ತಿದ್ದಳು.

"ಅಣ್ಣಾ, ಪುಟ್ಟಿ ಯಾರನ್ನೋ ಕರ್ಕೊಂಡು ಬಂದಿದ್ದಾಳೆ. ನೋಡೋಕೆ ಬಟ್ಟೆ ಅಂಗಡಿ ಗೊಂಬೆ ಇದ್ದ ಹಾಗಿದ್ದಾನೆ."

"ಅತ್ತೆ, ಸುಮ್ನಿರು. ಆಫೀಸಿನವರು. ಆ ಫಾರಂ ಬಗ್ಗೆ ಅಪ್ಪನ್ನ ಕೇಳೋಕೆ ಬಂದಿದ್ದಾರೆ."

"ಕೂತ್ಕೊಳಪ್ಪ," ಅಪ್ಪ ಯಂತ್ರ ನಿಲ್ಲಿಸಿ ತಮ್ಮ ಸ್ಟೂಲನ್ನೇ ಅವನ ಕಡೆ ಸರಿಸಿದರು. "ಏನು ಕೇಳಬೇಕಿತ್ತು?"

ಅವನು ಸ್ಟೂಲಿನ ತುದಿಯಲ್ಲಿ ಕೂತ. "ಮಷೀನ್ ನಿಮ್ಮದೇನಾ ಸರ್?"

"ನಂದೇ. ದಾರನೂ ನಂದು, ಕಣ್ಣೂ ನಂದು. ಕತ್ತರಿಸಿದ ಬಟ್ಟೆ ಕಂಪನಿದು, ಅಳತೆ ಕಂಪನಿದು. ಮೂವತ್ತು ವರ್ಷದಲ್ಲಿ ಒಂದು ಪೂರ್ತಿ ಅಂಗಿ ಹೊಲಿದಿಲ್ಲ ನಾನು. ಬರೀ ಕುತ್ತಿಗೆ."

"ಮಾಲೀಕರಂತೆ ಮಾಲೀಕರು," ಅತ್ತೆ ಗೊಣಗಿದಳು. "ತನ್ನ ಅಂಗಿಗೆ ಗುಂಡಿ ಹಾಕ್ಕೊಳ್ಳೋಕೆ ಪುರುಸೊತ್ತಿಲ್ಲ."

ಅಪ್ಪ ನಗುತ್ತಾ ಮುಂದೆ ಬಗ್ಗಿದರು. ಹುಡುಗನ ಕಾಲರ್ ತುದಿಯನ್ನು ಹೆಬ್ಬೆರಳು ತೋರುಬೆರಳ ನಡುವೆ ಹಿಡಿದು ನೋಡಿದರು. ನಗು ನಿಂತಿತು.

"ಇದನ್ನ ಇಸ್ತ್ರಿ ಮಾಡಿದ್ದು ಯಾರಪ್ಪ?"

ಅಪ್ಪ ಕಾಲರ್ ತುದಿಯನ್ನು ಬೆಳಕಿಗೆ ಓರೆ ಮಾಡಿದರು.

"ಮೂಲೆಯಿಂದ ನಡುವಿಗೆ ಒತ್ತಿದ್ದಾರೆ. ಬೇರೆಯವರು ನಡುವಿಂದ ಮೂಲೆಗೆ ಎಳೀತಾರೆ, ಸುಕ್ಕೆಲ್ಲ ತುದೀಲಿ ಬಂದು ಕೂರುತ್ತೆ. ಇದು ಮನೆ ಇಸ್ತ್ರಿ ಅಲ್ಲ. ಸಾವಿರಗಟ್ಟಲೆ ಕಾಲರ್ ಒತ್ತಿರೋ ಕೈ."

ಹೊರಗೆ ಸೈಕಲ್ ಗಂಟೆಯೊಂದು ಹಾದುಹೋಯಿತು.

"ನಮ್ಮಮ್ಮ," ಅಂದ ಅವನು. "ಆಸ್ಪತ್ರೆ ಲಾಂಡ್ರಿಯಲ್ಲಿ ಇಸ್ತ್ರಿ ವಿಭಾಗ. ಇಪ್ಪತ್ತಾರು ವರ್ಷ."

ಅವಳು ಆ ಬಿಳಿ ತೋಳಿನ ಗೆರೆಯನ್ನು ನೋಡಿದಳು. ಇಸ್ತ್ರಿ ದೊರೆ... ನಾಲ್ಕು ತಿಂಗಳು ಆ ಹೆಸರಿಂದ ಕರೆದಿದ್ದಳು! ಜನರನ್ನು ಬಟ್ಟೆ ನೋಡಿ ಅಳೆಯುತ್ತಾರೆ ಎಂದು ವಾದಿಸುತ್ತಿದ್ದವಳು ತಾನೇ ಬಟ್ಟೆ ನೋಡಿ ಅಳೆದುಬಿಟ್ಟಿದ್ದಳು.

"ಇನ್ನೂ ಒಂದು ಪ್ರಶ್ನೆ ಇರಬೇಕಲ್ಲ," ಅಪ್ಪ ಹೇಳಿದರು. "ಆಗ ಕೆಲಸ ನಿಲ್ಲಿಸಿದ್ಯಾ ಅಂತ. ನಿಲ್ಲಿಸಲಿಲ್ಲ. ಅವರು ಗೇಟ್ ಹೊರಗೆ ಕೂತಿದ್ದರು, ನನಗೆ ಎರಡು ಪಟ್ಟು ಕಟ್ಟು ಬಂತು. ಇವಳ ಓದು ಇತ್ತು, ಹೊಲಿದೆ. ಆಮೇಲೆ ಎಷ್ಟೋ ದಿನ ಆ ಬೀದಿ ಬಿಟ್ಟು ಸುತ್ತು ಹಾಕ್ಕೊಂಡು ಓಡಾಡ್ತಿದ್ದೆ. ನೀನೇನು ಬರೆದಿದ್ದೀಯೋ ನನಗೆ ಗೊತ್ತಿಲ್ಲ. ಕಠಿಣವಾಗಿ ಬರೆದಿದ್ರೂ ತಪ್ಪಿಲ್ಲ."

"ಬರೆದಿದ್ದೀನಿ ಸರ್." ಅವನು ತಲೆ ತಗ್ಗಿಸಲಿಲ್ಲ. "ಅಮ್ಮನೂ ಒಂದ್ಸಲ ಕೆಲಸ ನಿಲ್ಲಿಸಿದ್ದರು. ಆಗ ಹಿಂದಿನ ಬೀದಿಯವರು ಆಸ್ಪತ್ರೆ ಬಟ್ಟೆಗಳನ್ನ ಮನೆಗೆ ತಗೊಂಡು ಹೋಗಿ ಒತ್ತಿಕೊಟ್ಟರು. ಅಮ್ಮ ಸೋತರು. ಆ ಸಾಲು ಬರೆಯುವಾಗ ನನ್ನ ಕಣ್ಣ ಮುಂದಿದ್ದಿದ್ದು ಆ ಬೀದಿ. ಮಷೀನ್ ಯಾರದ್ದು ಅಂತ ನೋಡ್ದೆ. ಮಷೀನ್ ಇಟ್ಕೊಂಡಿರೋನ ಕೈ ಯಾರ ಹಿಡಿತದಲ್ಲಿದೆ ಅಂತ ನೋಡಲಿಲ್ಲ."

ಅಪ್ಪ ಹೊಲಿದ ಒಂದು ಕಾಲರನ್ನು ಎತ್ತಿ ಕಟ್ಟಿನ ಮೇಲಿಟ್ಟರು. ಆಮೇಲೆ ತಂಗಿಯ ಕಡೆ ತಿರುಗಿದರು. "ಟೀ ಇಡಮ್ಮ. ಕೂತು ಮಾತಾಡೋ ಹುಡುಗ ಇವನು."

ಟೀ ಆಗುವವರೆಗೆ ಇಬ್ಬರೂ ಬಾಗಿಲ ಮೆಟ್ಟಿಲ ಮೇಲೆ ಕುಳಿತರು.

"ನನಗೆ ಯಾಕೆ ಹೇಳಲಿಲ್ಲ?" ಅವಳು ಕೇಳಿದಳು.

"ಮೊದಲ ದಿನವೇ ಹೇಳೋಕೆ ಹೋದೆ. ಆದ್ರೆ ನೀವು ಆಗಲೇ ಹೆಸರಿಟ್ಟಾಗಿತ್ತು. ಮನೆಗೆ ಹೋಗಿ ಅಮ್ಮನಿಗೆ ಹೇಳ್ದೆ. ಅಮ್ಮ ಬಿದ್ದು ಬಿದ್ದು ನಕ್ಕರು. ಮಾರನೇ ದಿನದಿಂದ ಇನ್ನೂ ಚೂಪಾಗಿ ಒತ್ತೋಕೆ ಶುರು ಮಾಡಿದರು. ಆ ಹುಡುಗಿ ನೋಡ್ತಾಳೆ ಅಂತ."

ಅವಳು ಮುಖ ಮುಚ್ಚಿಕೊಂಡಳು. ನಗುವೋ ಅಳುವೋ, ಅವಳಿಗೇ ತಿಳಿಯಲಿಲ್ಲ.

"ನೀವು ಯಾಕೆ ಹೇಳಲಿಲ್ಲ?"

"ನೀವು ಬಂದರೆ ಎಲ್ಲಿ ಕೂರಿಸಲಿ ಅಂತ..." ಅವಳು ಕಣ್ಣೊರೆಸಿಕೊಂಡಳು. "ಈ ಫಾರಂ ನಾನು ಮುಟ್ಟಲೇಬಾರದಿತ್ತು. ಸೋಮವಾರ ಮೇಡಂಗೆ ಒಪ್ಪಿಸ್ತೀನಿ. ಬೈದರೂ ಸರಿ, ಇದನ್ನ ಬೇರೆಯವರು ಓದಲಿ."

"ಜೊತೆಗೆ ನಾನೂ ಬರ್ತೀನಿ. ಆ ಟಿಪ್ಪಣಿ ಹೊಡೆದುಹಾಕಬೇಕು." ಅವನು ಸ್ವಲ್ಪ ತಡೆದು ಹೇಳಿದ. "ಅದಕ್ಕೂ ಮೊದಲು ನಮ್ಮಿಬ್ಬರಿಗೋಸ್ಕರ ಇನ್ನೊಂದ್ಸಲ ಬರೆಯೋಣ್ವಾ? ಒಬ್ಬರದ್ದು ಒಬ್ಬರು ನೋಡದೆ."

ಅವಳು ಕಾಲರ್ ಕಟ್ಟಿಗೆ ಕಟ್ಟುವ ಎರಡು ಖಾಲಿ ಚೀಟಿ ತಂದಳು. ಬೆನ್ನಿಗೆ ಬೆನ್ನು ಕೊಟ್ಟು ಕೂತು ಬರೆದರು. ಮೊದಲ ಬಾರಿಗೆ ಅವನ ಬೆನ್ನು ಅವಳ ಬೆನ್ನಿಗೆ ತಾಗಿತು. ಇಬ್ಬರೂ ಸರಿಯಲಿಲ್ಲ.

ಚೀಟಿಗಳು ಕೈ ಬದಲಾದವು.

ಅವನು ಬರೆದದ್ದು 'ಒಂದು'. ಅವಳು ಬರೆದದ್ದು 'ಮೂರು'.

"ಮೂರಾ?" ಅವನು ಬೆರಗಾದ. "ನಿಮ್ಮಪ್ಪನಿಗೆ?"

"ಅಪ್ಪನೇ ಮುಚ್ಚಿಡಲಿಲ್ಲ, ನಾನ್ಯಾಕೆ ಮುಚ್ಚಿಡಲಿ? ಅವರು ಸುತ್ತು ಹಾಕಿದ ಬೀದಿನೂ ಲೆಕ್ಕಕ್ಕೆ ಬರಬೇಕು. ನೀವು ಯಾಕೆ ಒಂದು?"

"ಕುರ್ಚಿ ಕೊಡದ ಕಂಪನಿಗೆ ಮೂವತ್ತು ವರ್ಷ ತಮ್ಮ ಸ್ಟೂಲ್ ಮೇಲೇ ಕೂತು ಹೊಲಿದಿದ್ದಾರೆ. ಅದನ್ನೂ ನನಗೆ ಬಿಟ್ಟುಕೊಟ್ಟರು."

ಒಳಗಿನಿಂದ ಅತ್ತೆಯ ದನಿ ಕೇಳಿತು. "ಟೀ ಆರ್ತಿದೆ. ಗೊಂಬೆಗೆ ಸಕ್ಕರೆ ಎಷ್ಟು ಹಾಕಲಿ?"

ಅವಳು ಎದ್ದಳು. ಅವನು ಕೈಯಲ್ಲಿದ್ದ ಚೀಟಿಯನ್ನು ಮಡಚಿ, ಗೆರೆ ಕೆಡದ ಜೇಬಿನೊಳಗಿಟ್ಟುಕೊಂಡ.

"ಮತ್ತೆ ಅಂಕಿ ಸೇರಲಿಲ್ಲ," ಅಂದ.

"ಸೇರದಿದ್ದರೆ ಮರುಭೇಟಿ. ನಿಯಮ ಗೊತ್ತಲ್ಲ?"

"ಯಾವಾಗ?"

"ನಾಳೆ. ಭಾನುವಾರ." ಹೊಸ್ತಿಲಲ್ಲಿ ನಿಂತು ಅವಳು ತಿರುಗಿ ನೋಡಿದಳು. "ಅಮ್ಮನನ್ನೂ ಕರ್ಕೊಂಡು ಬನ್ನಿ. ಹೆಸರಿಟ್ಟವಳನ್ನ ಅವರೂ ಒಂದ್ಸಲ ನೋಡಲಿ."