ಶೂ ಎಸೆದ ಮಾರನೆಯ ದಿನ

"ನಿನಗೆ ಮನೆ ಬೇಕೋ, ಮೈದಾನ ಬೇಕೋ? ಈಗಲೇ ಹೇಳು!"

ಓದಿ ಮುಗಿಸಿದ ಅತ್ತೆ ಹಾಳೆಯಿಂದ ತಲೆ ಎತ್ತಿದರು. "ಸಾಕಾ, ಇನ್ನೂ ಜೋರಾಗಿ ಓದ್ಬೇಕಾ?"

ಚಿತ್ರಕಥೆ ಬರೆಯುವವಳು ತಬ್ಬಿಬ್ಬಾದಳು. ನಿಜ ಜೀವನದ ಕಥೆಯನ್ನು ಸಿನಿಮಾಕ್ಕೆ ಬರೆದಾಗಲೆಲ್ಲ ಅವಳದೊಂದು ಪದ್ಧತಿ. ಆ ಮನೆಯವರನ್ನೇ ಕೂರಿಸಿ, ಅವರವರ ಮಾತನ್ನು ಅವರಿಂದಲೇ ಓದಿಸುವುದು. ಅವರು ಒಪ್ಪಿದರೆ ಮಾತ್ರ ಸಿನಿಮಾ. ಇಂದು ಸೋಫಾದ ಒಂದು ತುದಿಯಲ್ಲಿ ಅತ್ತೆ, ಇನ್ನೊಂದು ತುದಿಯಲ್ಲಿ ಓಟದಲ್ಲಿ ದೇಶಕ್ಕೆ ಪದಕ ತಂದ ಸೊಸೆ. ಮಗುವಿಗೆ ಜ್ವರ ಬಂದ ದಿನವೂ ಅಭ್ಯಾಸಕ್ಕೆ ಹೋಗಿದ್ದಳೆಂಬ ಸಿಟ್ಟಿಗೆ ಅತ್ತೆ ಅವಳ ಶೂಗಳನ್ನು ನೀರಿನ ಡ್ರಮ್ಮಿಗೆ ಎಸೆದದ್ದು ಊರಿಗೆಲ್ಲ ಗೊತ್ತಿತ್ತು. ಹಾಳೆಯಲ್ಲಿದ್ದ ದೃಶ್ಯವೂ ಅಲ್ಲಿಗೇ ಮುಗಿಯುತ್ತಿತ್ತು.

"ಈ ಸಿನಿಮಾ ಬೇಡ," ಎಂದಳು ಸೊಸೆ.

"ಯಾಕೆ ಬೇಡ? ಎಸೆದಿದ್ದು ಸುಳ್ಳಾ? ಬೈಸ್ಕೊಳ್ಳೋಳು ನಾನು, ನಿಂಗೇನು ಕಷ್ಟ? ನೀನು ಓಡಿದ್ದನ್ನ ನಾಲ್ಕು ಜನ ನೋಡ್ಲಿ."

"ಜನ ನಿಮಗೆ ಶಾಪ ಹಾಕ್ತಾರೆ ಅತ್ತೆ..."

"ಹಾಕ್ಲಿ ಬಿಡು. ಈ ವಯಸ್ಸಲ್ಲಿ ನಂಗೇನು ಗಂಡು ನೋಡ್ಬೇಕಾ?"

ಸೊಸೆ ನಗಲಿಲ್ಲ. ಬರೆಯುವವಳ ಕಡೆ ತಿರುಗಿದಳು. "ಮಾರನೇ ದಿನ ಏನಾಯ್ತು ಅಂತ ನೀವು ಕೇಳ್ಲೇ ಇಲ್ಲ."

"ಅದೆಲ್ಲ ಈಗ್ಯಾಕೆ," ಎಂದು ಅತ್ತೆ ಎದ್ದರು. ಸೊಸೆ ಕೈ ಹಿಡಿದು ಕೂರಿಸಿದಳು.

"ಮಾರನೇ ದಿನ ತಂಡದ ಆಯ್ಕೆ ಇತ್ತು. ಹೋಗೋದೇ ಬೇಡ ಅಂದ್ಕೊಂಡು ಎದ್ದೆ. ನೋಡಿದ್ರೆ ಶೂ ಬಾಗಿಲ ಹತ್ರ ಇದೆ! ಅತ್ತೆ ಒಲೆ ಪಕ್ಕ ಇಟ್ಟು ಒಣಗಿಸಿದಾರೆ. ಬಾಯಿ ಬಿಟ್ಟಿದ್ದ ಅಡಿಭಾಗಾನ ದಬ್ಬಳದಲ್ಲಿ ಹೊಲಿದಿದಾರೆ. ಒಳಗೊಂದು ರಕ್ತದ ಕಲೆ... ಕೈಗೆ ಚುಚ್ಕೊಂಡಿದ್ರು. ಅತ್ತೆ ಮಗೂನ ಎತ್ಕೊಂಡು ಆ ಕಡೆ ತಿರುಗಿ ನಿಂತಿದ್ರು. ನಾನೂ ಮುಖ ಊದಿಸ್ಕೊಂಡೇ ಹೋದೆ." ಅವಳು ಅತ್ತೆಯ ಕಡೆ ತಿರುಗಿದಳು. "ಅವತ್ತೇ ನಿಮಗೊಂದು ಮಾತು ಹೇಳ್ಬೇಕಿತ್ತು ಅತ್ತೆ..."

ಎಸೆದದ್ದನ್ನು ಎದೆ ಸೆಟೆಸಿ ಓದಿದ್ದ ಅತ್ತೆ, ಈಗ ಸಿಕ್ಕಿಬಿದ್ದವರಂತೆ ಕನ್ನಡಕ ತೆಗೆದು ಒರೆಸತೊಡಗಿದರು. ಒರೆಸಿದಷ್ಟೂ ಅದು ಒದ್ದೆಯಾಗುತ್ತಿತ್ತು.

ಕಥೆ ಕೇಳಲು ಬಂದಿದ್ದ ದಿನ, ಬೈಗುಳ ಸಿಕ್ಕ ಕೂಡಲೇ ಪೆನ್ನು ಮುಚ್ಚಿ ಎದ್ದುಹೋಗಿದ್ದ ತನ್ನ ಆತುರಕ್ಕೆ ಬರೆಯುವವಳು ನಾಚಿಕೊಂಡಳು. ಅಲ್ಲಿಯೇ ಕುಳಿತು ಮಾರನೆಯ ದಿನದ ದೃಶ್ಯ ಬರೆದು ಅತ್ತೆಯ ಕೈಗಿತ್ತಳು. ಅವರು ಹಾಳೆಯನ್ನು ತಿರುಗಿಸಿ ಮುರುಗಿಸಿ ನೋಡಿದರು.

"ಇದ್ರಲ್ಲಿ ನಂಗೆ ಮಾತೇ ಇಲ್ವಲ್ಲಮ್ಮ?"

"ಅವತ್ತೂ ಇರ್ಲಿಲ್ವಲ್ಲ," ಎಂದಳು ಸೊಸೆ, ಆ ಮುದಿ ಬೆರಳುಗಳನ್ನು ತನ್ನ ಅಂಗೈಯಲ್ಲಿ ಮುಚ್ಚಿಕೊಳ್ಳುತ್ತಾ. "ಈ ಸಲ ಮಾತು ನಂದು."