ಒರಳಿಗೆ ಹಾಕಿದ ಕೈ

ಅಮೆರಿಕದ ಗಾರ್ಡೀನಾದಲ್ಲಿ ಜಪಾನಿ ವಲಸಿಗರ ಬೌದ್ಧ ಗುಡಿಯ ಅಂಗಳದಲ್ಲಿ, ಹೊಸವರ್ಷಕ್ಕೆ ಅನ್ನ ಕುಟ್ಟಿ ಮೋಚಿ ಉಂಡೆ ಮಾಡುವ ದಿನ, ಚಿಯೆಮಿ ಈ ಸಲವೂ ಗ್ಲೆನ್‌ನ ಎದುರಿಗೇ ಮಂಡಿಯೂರಿದಳು. ಅವನು ಕೊಡತಿಯಿಂದ ಬಿಸಿ ಅನ್ನ ಕುಟ್ಟಬೇಕು, ಎರಡು ಪೆಟ್ಟಿನ ನಡುವೆ ಅವಳು ಒರಳಿಗೆ ಕೈಹಾಕಿ ಮಗುಚಬೇಕು. ಕ್ಷಣ ತಪ್ಪಿದರೆ ಬೆರಳು ಪುಡಿ. ಆದರೂ ಮೂರು ವರ್ಷದಿಂದ ಅವಳ ಕಣ್ಣು ಕೊಡತಿಯ ಮೇಲಲ್ಲ, ಕುಟ್ಟುವವನ ಮುಖದ ಮೇಲೆ.

"ಒರಳಿಗೆ ತಲೆ ಕೊಟ್ಟ ಮೇಲೆ ಒನಕೆ ಪೆಟ್ಟಿಗೆ ಅಂಜೋದುಂಟೇನೆ," ಎಂದು ಪಕ್ಕದಲ್ಲಿ ಉಂಡೆ ಕಟ್ಟುವ ಕಿಮಿಯೆ ಅಜ್ಜಿ ಕಿಚಾಯಿಸಿದರೆ ಗ್ಲೆನ್‌ನ ಕಿವಿ ಕೆಂಪಾಗುತ್ತಿತ್ತು.

ಮಾರ್ಚ್‌ನಲ್ಲಿ ಇಬ್ಬರ ಮದುವೆ. ಚಿಯೆಮಿಯ ಅಪ್ಪ ಒಪ್ಪಿದ್ದೇ ದೊಡ್ಡದು. ಒಸಾಕಾದಿಂದ ಬಂದ ಪುಂಡರ ಗುಂಪೊಂದು ಬೆದರಿಸಿ ಅಪ್ಪನ ನೂಡಲ್ ಅಂಗಡಿ ಮುಚ್ಚಿಸಿತ್ತು. ಗ್ಲೆನ್ ಆ ಗುಂಪಿನ ಕಾರು ಓಡಿಸುತ್ತಿದ್ದವನು. ಅವರ ಸಹವಾಸ ಬಿಟ್ಟೆನೆಂದು ಜೂನ್‌ನಲ್ಲಿ ಅವನು ಅಪ್ಪನೆದುರು ನೆಲಕ್ಕೆ ಹಣೆ ಹಚ್ಚಿ ಹೇಳಿದ್ದ. ಅಪ್ಪ ನಂಬಲಿಲ್ಲ, ಚಿಯೆಮಿ ಬೇಡಿ ಬೇಡಿ ನಂಬಿಸಿದ್ದಳು.

ನಾಲ್ಕನೆಯ ಸಲದ ಅನ್ನ ಮುಗಿಯುವಷ್ಟರಲ್ಲಿ ಗ್ಲೆನ್ ಬೆವತುಹೋದ. ನೀರು ಕುಡಿಯಲು ತಿರುಗಿದಾಗ ಬಿಳಿ ಅಂಗಿ ಬೆನ್ನಿಗೆ ಅಂಟಿತ್ತು. ಅದರಡಿ, ಭುಜದಿಂದ ಸೊಂಟದವರೆಗೆ, ಇನ್ನೂ ಬಣ್ಣ ತುಂಬದ ಹಚ್ಚೆಯ ನೀಲಿ ಗೆರೆಗಳು. ಬೆನ್ನು ತುಂಬ ಅಂಥದ್ದನ್ನು ಹಾಕಿಸಿಕೊಳ್ಳುವವರು ಆ ಪುಂಡರ ಗುಂಪಿನವರೇ ಎಂದು ಆ ಅಂಗಳದಲ್ಲಿ ಎಲ್ಲರಿಗೂ ಗೊತ್ತು. ಆಗಸ್ಟ್‌ನಲ್ಲಿ ಕಡಲತೀರದಲ್ಲಿ ಅದೇ ಬೆನ್ನನ್ನು ಅವಳು ಕದ್ದು ಕದ್ದು ನೋಡಿದ್ದಳು. ಆಗ ಅಲ್ಲಿ ಒಂದು ಮಚ್ಚೆಯ ಹೊರತು ಏನೂ ಇರಲಿಲ್ಲ.

"ಯಾವಾಗ ಹಾಕಿಸಿದ್ದು?"

ಅವನು ಸುಳ್ಳು ಹೇಳಲಿಲ್ಲ. "ಅಕ್ಟೋಬರ್‌ನಲ್ಲಿ. ಅಲ್ಲೀತನಕ ಅವರನ್ನ ಬಿಟ್ಟಿರಲಿಲ್ಲ. ಬಿಡ್ತೀನಿ ಅಂತ ಹೇಳೋಕೇ ಹೋಗಿದ್ದೆ ಚಿಯೆಮಿ. ಇಲ್ಲಿ ಸ್ಕೂಲಲ್ಲಿ ಜಪಾನಿನವನು ಅಂತ ಹೊಡೆದ್ರು. ಜಪಾನಿಗೆ ಹೋದ್ರೆ ನನ್ನ ಮಾತು ಕೇಳಿ ಅಮೆರಿಕದವನು ಅಂತ ನಕ್ಕರು. ಇವರು ಪಕ್ಕದಲ್ಲಿ ಕೂರಿಸ್ಕೊಂಡು, ನೀನು ನಮ್ಮವನು ಅಂದ್ರು. ಹುಟ್ಟಿದಾಗಿಂದ ಯಾರೂ ನನ್ನನ್ನ ಹಾಗೆ ಕರೆದಿರಲಿಲ್ಲ."

"ನಾನು ಕರೆದಿದ್ದೆ," ಎಂದಳು.

ಅವನು ಮತ್ತೆ ಕೊಡತಿ ಹಿಡಿದ.

ಅಷ್ಟರಲ್ಲಿ ಒಲೆಯ ಬಳಿಯಿದ್ದ ಅಪ್ಪ ಒರಳಿಗೆ ಮತ್ತೆ ಬಿಸಿ ಅನ್ನ ಸುರಿದುಹೋದ. ಆರಿದರೆ ಕೆಟ್ಟಿತು. ಚಿಯೆಮಿ ಕೈ ಒದ್ದೆ ಮಾಡಿಕೊಂಡಳು. ಈಗಲೂ ಅವನ ಮೇಲೆ ಪ್ರೀತಿಯಿತ್ತು. ಅದಕ್ಕೇ ತನ್ನ ಮೇಲೇ ಅಸಹ್ಯವಾಯಿತು. ಅವನು ಒಂದು ಪೆಟ್ಟು ಹಾಕಿ ಕೊಡತಿ ಎತ್ತಿದ. ಒರಳಿಗೆ ಕೈ ಹಾಕುವ ಮೊದಲು ಅವಳು, ಮೂರು ವರ್ಷದಲ್ಲಿ ಮೊದಲ ಸಲ, ತಲೆಯೆತ್ತಿ ಕೊಡತಿ ಎಲ್ಲಿದೆಯೆಂದು ನೋಡಿದಳು.

ಗ್ಲೆನ್ ಅದನ್ನು ಕಂಡ. ಕೊಡತಿಯನ್ನು ಮೆಲ್ಲಗೆ ಒರಳಿಗೆ ಒರಗಿಸಿ, ಕೋಟು ತೊಟ್ಟು ಗೇಟಿನ ಕಡೆ ನಡೆದ. ಕೂಗಿದರೆ ಕೇಳುವಷ್ಟು ದೂರದಲ್ಲಿ ಒಮ್ಮೆ ನಿಂತ.

ಚಿಯೆಮಿ ಕರೆದಳು, ಅಪ್ಪನನ್ನು. ಅನ್ನ ಆರುತ್ತಿದೆ, ಬಂದು ಕುಟ್ಟು ಎಂದಳು.